ಮುಡಿ ಕಟ್ಟುವ ಕೈ

ಜೂನ್ 3, ಸೋಮವಾರ

ಅಂತೂ ಬಂದು ಬಿದ್ದೆ. ಕ್ಷೇತ್ರಕಾರ್ಯದ ಟಿಪ್ಪಣಿಗೆ ಬೇರೆ ಪುಸ್ತಕವಿದೆ, ಅದನ್ನು ಗೈಡ್ ಓದುತ್ತಾರೆ. ಇದು ಯಾರೂ ಓದದ ಪುಸ್ತಕ. ಹೆದರಿಕೆಯನ್ನೆಲ್ಲ ಇಲ್ಲಿ ಸುರಿದು ಆ ಪುಸ್ತಕವನ್ನು ಚೊಕ್ಕಟವಾಗಿ ಇಟ್ಟುಕೊಳ್ಳಬೇಕೆಂದಿದ್ದೇನೆ.

ಬೀದಿ ಇಳಿಜಾರಾಗಿದೆ. ನನ್ನ ಬಾಡಿಗೆ ಕೋಣೆ ಅದರ ನಟ್ಟನಡುವೆ, ಮುಚ್ಚಿಹೋದ ಗಡಿಯಾರ ರಿಪೇರಿ ಅಂಗಡಿಯ ಮೇಲೆ. ಮೇಲಕ್ಕೆ ನೋಡಿದರೆ ಮೇಲ್ಮನೆಗಳು, ಕೆಳಕ್ಕೆ ನೋಡಿದರೆ ಕೆಳಮನೆಗಳು. ಎಲ್ಲರೂ ಹಗ್ಗ ಮಾಡುವವರೇ, ಕೆಲಸ ಮಾತ್ರ ಬೇರೆ ಬೇರೆ. ಕೆಳಮನೆಯವರು ನಾರು ನೆನೆಸಿ, ಬಡಿದು, ಹೊಸೆದು ಹುರಿ ಮಾಡುತ್ತಾರೆ. ಹುರಿಗಳು ಸೇರಿ ಹಗ್ಗವಾದ ಮೇಲೆ ತುದಿ ಬಿಚ್ಚಿಕೊಳ್ಳದಂತೆ ಎಳೆಗಳನ್ನು ಒಂದರೊಳಗೊಂದು ಹೆಣೆದು ಬಿಗಿಯಬೇಕು. ಅದಕ್ಕೆ ಇಲ್ಲಿ ಮುಡಿ ಎನ್ನುತ್ತಾರೆ. ಮುಡಿ ಕಟ್ಟುವುದು ಮೇಲ್ಮನೆಯವರು ಮಾತ್ರ. ಯಾರು ಮುಡಿ ಕಟ್ಟಿದರೋ ಹಗ್ಗ ಅವರದು, ಮಾರುವವರೂ ಅವರೇ. ಇಡೀ ಬೀದಿಯ ಮೇಲು-ಕೀಳು ಈ ಒಂದು ಗಂಟಿನ ಮೇಲೆ ನಿಂತಿದೆ ಎಂಬುದು ನನ್ನ ಪ್ರಬಂಧದ ವಾದ. ಬೀದಿ ನೋಡುವ ಮೊದಲೇ ವಾದ ಬರೆದಾಗಿದೆ, ಅದು ಬೇರೆ ಮಾತು.

ಹೋದ ವರ್ಷ ಇನ್ನೊಂದು ಕಡೆ ತಿಂಗಳುಗಟ್ಟಲೆ ಕೂತು ಬರಿಗೈಯಲ್ಲಿ ವಾಪಸು ಬಂದವಳು ನಾನು. ಅಲ್ಲಿ ಒಬ್ಬರೂ ಬಾಯಿ ಬಿಡಲಿಲ್ಲ. ಹೊರಡುವ ಮುಂಚೆ ಗೈಡ್ ಕನ್ನಡಕ ಒರೆಸುತ್ತ, "ನೋಡಮ್ಮ, ನವೆಂಬರಿಗೆ ನಿನ್ನ ಫೆಲೋಶಿಪ್ ಮುಗಿಯುತ್ತೆ. ಈ ಸಲಾನೂ ಹಾಗೇ ಬಂದ್ರೆ ನಾನೂ ಏನೂ ಮಾಡಕ್ಕಾಗಲ್ಲ" ಎಂದರು. ಆಗಿನಿಂದ ಎದೆಯಲ್ಲಿ ಅವಲಕ್ಕಿ ಕುಟ್ಟುತ್ತಲೇ ಇದೆ.

ಜೂನ್ 6, ಗುರುವಾರ

ಇವತ್ತು ಖುಷಿಯಾಗಿದ್ದೇನೆ, ಬರೆದಿಡಬೇಕು.

ಕೆಳಮನೆಗಳ ಹಿಂದೆ ನಾರು ಬಡಿಯುವ ಅಂಗಳಕ್ಕೆ ಹೋಗಿದ್ದೆ. ತೊಟ್ಟಿಗಳಲ್ಲಿ ಕೊಳೆಯುವ ನಾರಿನ ವಾಸನೆ ಮೂಗಿಗೆ ರಪ್ಪನೆ ಹೊಡೆಯಿತು, ಸ್ವಲ್ಪ ಹೊತ್ತಿಗೆ ಒಗ್ಗಿತು. ಒಣಗಿದ ನಾರನ್ನು ಹೆಂಗಸರು ಮರದ ಕೊಡತಿಯಲ್ಲಿ ಬಡಿಯುತ್ತಿದ್ದರು. ಗೋಡೆ ಪಕ್ಕ ನಿಂತು ಬರೆದುಕೊಳ್ಳುತ್ತಿದ್ದೆ.

"ಏಯ್ ತಂಗಿ, ಅಲ್ಲಿ ನಿಂತ್ಕೊಂಡು ಏನು ಬರೀತೀಯ? ನಮ್ಮ ಹಲ್ಲು ಎಣಿಸ್ತಿದೀಯಾ?"

ಮೂವತ್ತೈದು ದಾಟಿದ ಹೆಂಗಸು. ಬೀದಿಯವರೆಲ್ಲ ಕರೆಯುವುದು ಮಾತಿನಮಲ್ಲಿ ಎಂದು. ನಾನು ಅಕ್ಕ ಎಂದೆ. ಪಕ್ಕದಲ್ಲಿ ಕೂರಿಸಿಕೊಂಡು ಕೈಗೊಂದು ಕೊಡತಿ ಕೊಟ್ಟರು. ಎರಡನೇ ಏಟಿಗೇ ನನ್ನ ಹೆಬ್ಬೆರಳು ಜಜ್ಜಿಕೊಂಡೆ. ಅಂಗಳವೆಲ್ಲ ನಕ್ಕಿತು. ಅವರ ಲೋಟದಲ್ಲೇ ಚಹಾ ಕುಡಿದೆ, ಅವರ ಜೊತೆ ನೆಲದ ಮೇಲೇ ಕೂತೆ. ಮೇಲು-ಕೀಳನ್ನು ಅಧ್ಯಯನ ಮಾಡುವವಳು ಅದನ್ನು ಪಾಲಿಸಬಾರದು, ಅಷ್ಟೇ.

ಅಕ್ಕನ ತಾಯಿ ಬಾಗಿಲಲ್ಲಿ ಕೂತಿರುತ್ತಾರೆ. ಜೀವಮಾನವೆಲ್ಲ ನುಂಗಿದ ನಾರಿನ ಧೂಳು ಅವರ ಎದೆಯನ್ನು ತಿಂದುಬಿಟ್ಟಿದೆ. ನಾಲ್ಕು ಮಾತಾಡಿದರೆ ಉಸಿರು ಹುಡುಕಬೇಕು. ಅಕ್ಕನಿಗೂ ಕೆಮ್ಮು ಶುರುವಾಗಿದೆ. "ನಮ್ಮನೇಲಿ ಆಸ್ತಿ ಅಂತ ಇರೋದು ಇದೊಂದೇ. ಅಮ್ಮ ಇದ್ದಾಗ್ಲೇ ಪಾಲು ಕೊಟ್ಬಿಟ್ಲು" ಎಂದು ನಕ್ಕರು. ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ಜೂನ್ 15, ಶನಿವಾರ

ಮೇಲ್ಮನೆಯವರು ಒಬ್ಬರೂ ಮಾತಾಡುತ್ತಿಲ್ಲ. ಒಂದು ಮನೆಯಲ್ಲಂತೂ ಯಜಮಾನರೇ ಕಿಟಕಿಯಿಂದ ಇಣುಕಿ "ಯಜಮಾನರು ಮನೇಲಿಲ್ಲ" ಎಂದರು. ಹೋದ ವರ್ಷದ ಕಥೆಯೇ ಮತ್ತೆ. ಊಟ ಸೇರುತ್ತಿಲ್ಲ.

ಸಂಜೆ ಹಿರಿಯಮ್ಮ ಹೇಳಿಕಳಿಸಿದರು. ಬೀದಿಯ ತುತ್ತತುದಿಯ ಮನೆ ಅವರದು, ಇಡೀ ಬೀದಿಗೆ ಅವರ ಮಾತೇ ಮಾತು. ಗಂಟುಗಂಟಾಗಿ ಊದಿದ ಬೆರಳುಗಳನ್ನು ಬಿಸಿನೀರಲ್ಲಿ ಅದ್ದಿಕೊಂಡು ಕೂತಿದ್ದರು.

"ಓದಿದ ಹುಡುಗಿ, ನಿಂಗೆ ಹೇಳೋ ಅಷ್ಟು ನಾನು ದೊಡ್ಡವಳಲ್ಲ. ಆದ್ರೂ ಕೂರೋ ಜಾಗ ನೋಡ್ಕೊಂಡು ಕೂರಬೇಕು ಮಗಳೇ. ಒಂದು ಸಲ ಕೂತ ಮೇಲೆ ಅಲ್ಲಿಂದ ಎಬ್ಬಿಸೋರು ಯಾರೂ ಸಿಗಲ್ಲ."

ಬೈಗುಳವೇನಲ್ಲ, ಸಮಾಧಾನದ ದನಿಯೇ. ಅದಕ್ಕೇ ಹೆಚ್ಚು ಹೆದರಿಕೆಯಾಯಿತು. ಅತ್ತ ದರಿ, ಇತ್ತ ಪುಲಿ. ಕೆಳಗೆ ಕೂತರೆ ಮೇಲಿನ ಬಾಗಿಲು ಮುಚ್ಚುತ್ತದೆ. ಮುಡಿ ಇರುವುದು ಮೇಲೆ, ನನ್ನ ಪ್ರಬಂಧ ಇರುವುದು ಮುಡಿಯಲ್ಲಿ.

ಜುಲೈ 2, ಮಂಗಳವಾರ

ಹಿರಿಯಮ್ಮನ ಮನೆಯ ಮಾಳಿಗೆ ಕೋಣೆಗೆ ಬಂದಿದ್ದೇನೆ. ಅವರೇ ಕರೆದರು. ಇದು ಬರೀ ಸಂಶೋಧನೆಯ ಅನುಕೂಲಕ್ಕೆ ಎಂದು ಮಾತಿನಮಲ್ಲಿ ಅಕ್ಕನಿಗೆ ಹೇಳಿದೆ. "ಅನುಕೂಲ ಆದ್ರೆ ಒಳ್ಳೇದಲ್ವಾ ತಂಗಿ, ನಾನೇನು ಬೇಡ ಅಂದ್ನಾ?" ಎಂದರು. ಅಂಗಳಕ್ಕೆ ಸಂಜೆ ಹೋಗುತ್ತೇನೆ, ಬೀದಿಯಲ್ಲಿ ಓಡಾಟ ಕಡಿಮೆಯಾದ ಮೇಲೆ. ಸುಮ್ಮನೆ ಯಾಕೆ ಯಾರ ಮನಸ್ಸನ್ನಾದರೂ ಕೆಡಿಸುವುದು.

ಬಾಗಿಲುಗಳೆಲ್ಲ ತೆರೆದುಕೊಂಡಿವೆ! ನಿನ್ನೆ ಒಂದೇ ದಿನ ಮೂರು ಮನೆಗಳ ವಂಶಾವಳಿ ಸಿಕ್ಕಿತು. ಮನೆಯಲ್ಲಿಲ್ಲದ ಯಜಮಾನರು ಕೂಡ ಎರಡು ಗಂಟೆ ಮಾತಾಡಿದರು.

ಇನ್ನೂ ದೊಡ್ಡ ಸುದ್ದಿ: ಹಿರಿಯಮ್ಮ ನನಗೆ ಮುಡಿ ಹೇಳಿಕೊಡುತ್ತಾರಂತೆ. ಹೊರಗಿನವಳಿಗೆ! ಅವರ ಬೆರಳು ಆಡುವುದಿಲ್ಲ, ಬಾಯಲ್ಲಿ ಹೇಳುತ್ತಾರೆ, ನಾನು ಕಟ್ಟುತ್ತೇನೆ. ಇವತ್ತಿನದು ಕೈ ಬಿಟ್ಟ ಕೂಡಲೇ ಬಿಚ್ಚಿಕೊಂಡಿತು. "ಪರವಾಗಿಲ್ಲ, ನನ್ನ ಮಗಂದು ಕೈಲಿರುವಾಗಲೇ ಬಿಚ್ಚಿಕೊಳ್ಳುತ್ತೆ" ಎಂದರು. ಮಗ ಬೀದಿಯ ಬಾಯಲ್ಲಿ ಹಗ್ಗದಂಗಡಿ ಇಟ್ಟಿದ್ದಾರೆ. ಮಾರುವುದರಲ್ಲಿ ಗಟ್ಟಿಗರು, ಮುಡಿಯಲ್ಲಿ ಅಷ್ಟಕ್ಕಷ್ಟೇ.

ಜುಲೈ 19, ಶುಕ್ರವಾರ

ಕಂಡದ್ದನ್ನು ಕಂಡ ಹಾಗೆ ಬರೆಯುತ್ತೇನೆ.

ತಲೆನೋವೆಂದು ಮಧ್ಯಾಹ್ನವೇ ಮನೆಗೆ ಬಂದೆ. ಒಳಕೋಣೆಯ ಬಾಗಿಲು ಅರ್ಧ ಮುಚ್ಚಿತ್ತು. ಒಳಗೆ ಹಿರಿಯಮ್ಮ ಮಂಚದ ಮೇಲೆ ಒರಗಿ ಏನೋ ಹರಟುತ್ತಿದ್ದರು. ನೆಲದ ಮೇಲೆ ಕೂತು ಮುಡಿ ಕಟ್ಟುತ್ತಿದ್ದದ್ದು ಮಾತಿನಮಲ್ಲಿ ಅಕ್ಕ! ಬೆರಳು ಎಲ್ಲಿ ಹೋಗಿ ಎಲ್ಲಿ ಬಂತೆಂದು ಕಾಣದಷ್ಟು ಚುರುಕು. ಮುಗಿದದ್ದನ್ನು ಮಂಚದತ್ತ ಚಾಚಿದರು. ಹಿರಿಯಮ್ಮ ಮುಡಿಯ ಮೇಲೆ ಹೆಬ್ಬೆರಳು ಒತ್ತಿ "ಆಯ್ತು" ಎಂದರು. ಮುಂದಿನ ಹಗ್ಗ.

ರಾತ್ರಿ ಊಟಕ್ಕೆ ಕೂತಾಗ ತಡೆಯಲಾರದೆ ಕೇಳಿದೆ, "ಇವತ್ತಿನ ಮುಡಿ ಯಾರು ಕಟ್ಟಿದ್ದು ಹಿರಿಯಮ್ಮ?"

"ನಾನು."

"ನಾನು ನೋಡಿದೆನಲ್ಲ..."

"ನೋಡಿದ್ರೆ ನೋಡಿದೆ. ಕಟ್ಟಿದ್ದು ನಾನೇ." ಮುಖದಲ್ಲಿ ಒಂದು ಗೆರೆಯೂ ಅಲ್ಲಾಡಲಿಲ್ಲ. ಸುಳ್ಳು ಹೇಳುವವರ ಹಾಗೆ ಕಾಣಲೂ ಇಲ್ಲ.

ಜುಲೈ 20, ಶನಿವಾರ

ಅಂಗಳಕ್ಕೆ ಹೋಗಿ ಮಾತಿನಮಲ್ಲಿ ಅಕ್ಕನನ್ನು ಹಿಡಿದೆ. ಗಟ್ಟಿಯಾಗಿ ನಕ್ಕರು. "ಎಷ್ಟೋ ವರ್ಷದಿಂದ ಆ ಮನೆಯ ಮುಡಿ ನನ್ನ ಕೈದೇ. ಮೇಲಿನ ಅರ್ಧಕ್ಕರ್ಧ ಮನೆಗಳಲ್ಲಿ ನಮ್ಮ ಹೆಂಗಸರೇ ಕಟ್ಟೋದು. ಎಲ್ಲರಿಗೂ ಗೊತ್ತು, ಯಾರಿಗೂ ಗೊತ್ತಿಲ್ಲ."

ಹಾಗಾದರೆ ನನ್ನ ವಾದ? ಮೇಲ್ಮನೆಯವರೇ ಕಟ್ಟುತ್ತಾರೆ ಎಂದಲ್ಲವೇ ಮೂರು ಅಧ್ಯಾಯ ನಿಂತಿರುವುದು? ಗೈಡಿಗೆ ಫೋನು ಮಾಡಿದೆ. ಅವರು ಸ್ವಲ್ಪವೂ ಗಾಬರಿಯಾಗಲಿಲ್ಲ. "ನಿಯಮ ಯಾವುದು, ಅಪವಾದ ಯಾವುದು, ಅಷ್ಟು ಸ್ಪಷ್ಟ ಇರಲಿ. ಬಾಗಿಲ ಹಿಂದೆ ನಡೆಯೋದನ್ನ ಅಡಿಟಿಪ್ಪಣಿಗೆ ಹಾಕು" ಎಂದರು.

ಅಡಿಟಿಪ್ಪಣಿ! ಇಷ್ಟು ಸುಲಭದ ದಾರಿ ನನಗೇ ಯಾಕೆ ಹೊಳೆಯಲಿಲ್ಲ. ಬಂದ ಮೇಲೆ ಮೊದಲ ಸಲ ಇವತ್ತು ಚೆನ್ನಾಗಿ ನಿದ್ದೆ ಬರುತ್ತದೆ.

ಆಗಸ್ಟ್ 8, ಗುರುವಾರ

ಬೀದಿಯ ಕೊನೆಯಲ್ಲಿ ಖಾಲಿ ಬಿದ್ದಿದ್ದ ಗೋದಾಮಿನಲ್ಲಿ ಸರ್ಕಾರದವರು ಹಗ್ಗದ ತರಬೇತಿ ಕೇಂದ್ರ ತೆರೆಯುತ್ತಾರಂತೆ. ಮುಡಿ ಹೇಳಿಕೊಡಲು ಒಬ್ಬ ಶಿಕ್ಷಕರು ಬೇಕು. ತಿಂಗಳ ಸಂಬಳ, ಕೂತು ಮಾಡುವ ಕೆಲಸ, ಮುಖ್ಯವಾಗಿ ಧೂಳಿಲ್ಲ.

ಸಂಜೆ ಮಾತಿನಮಲ್ಲಿ ಮಾಳಿಗೆಗೆ ಬಂದಿದ್ದರು. ಅರ್ಜಿ ಹಾಕಿದ್ದಾರೆ. ಹಾಸಿಗೆಯ ಮೇಲೆ ಕೂತು, ಕೆಮ್ಮು ಇಳಿದ ಮೇಲೆ ಹೇಳಿದರು.

"ಡಾಕ್ಟ್ರು ಹೇಳಿದಾರೆ ತಂಗಿ, ಇನ್ನೂ ಧೂಳಲ್ಲೇ ಕೂತ್ರೆ ಅಮ್ಮನ ಥರಾನೇ ಆಗ್ತೀಯ ಅಂತ. ಈ ಕೆಲಸ ಸಿಕ್ರೆ ನಾನು ಬದುಕ್ಕೋತೀನಿ. ಮೇಲ್ಮನೆಯವರು ಇವಳಿಗೆ ಮುಡಿ ಬರಲ್ಲ ಅಂತಾರೆ. ನೀನು ಕಣ್ಣಾರೆ ಕಂಡಿದೀಯಲ್ಲ, ಅಷ್ಟು ಹೇಳು ಸಾಕು. ನಿನ್ನ ಮಾತು ಅಂದ್ರೆ ಆಫೀಸರು ಕೇಳ್ತಾರೆ."

"ಖಂಡಿತ ಹೇಳ್ತೀನಿ ಅಕ್ಕ" ಎಂದೆ. ಕೈ ಹಿಡಿದು ಹೇಳಿದೆ. ಕಂಡದ್ದನ್ನು ಹೇಳುವುದಕ್ಕೆ ಏನು ಕಷ್ಟ?

ಅವರು ಹೋದ ಮೇಲೆ ಹಾಸಿಗೆ ಹೊದಿಕೆ ಬದಲಿಸಿದೆ. ನಾರಿನ ವಾಸನೆ ಬೇಗ ಹೋಗುವುದಿಲ್ಲ.

ಆಗಸ್ಟ್ 20, ಮಂಗಳವಾರ

ಹೇಳುತ್ತೇನೆ ಎಂದಾಗಿದೆ. ಹೇಳಿದರೆ ಹಿರಿಯಮ್ಮನ ಮನೆಯಲ್ಲಿ ನನಗೆ ಜಾಗವಿಲ್ಲ. ವಂಶಾವಳಿ ಇನ್ನೂ ಅರ್ಧ ಉಳಿದಿದೆ. ಅಮ್ಮ ಫೋನಿನಲ್ಲಿ "ಇಷ್ಟೊಂದು ಯೋಚ್ನೆ ಮಾಡಿದ್ರೆ ಕೂದಲು ಉದುರುತ್ತೆ ಕಣೇ, ಆಮೇಲೆ ನಿನ್ನ ಯಾರು ನೋಡ್ತಾರೆ?" ಎಂದಳು. ಅಜ್ಜಿಗೆ ಅರಿವೆ ಚಿಂತೆಯಾದರೆ ಮಗಳಿಗೆ ಗಂಡನ ಚಿಂತೆ ಅಂತಾರೆ. ನಮ್ಮ ಮನೆಯಲ್ಲಿ ಎರಡೂ ಚಿಂತೆ ಅಮ್ಮನದೇ.

ಸೆಪ್ಟೆಂಬರ್ 10, ಮಂಗಳವಾರ

ನಾಳೆ ಆಯ್ಕೆ ಸಭೆ. ಹಿರಿಯಮ್ಮನ ಮಗನೂ ಅರ್ಜಿ ಹಾಕಿದ್ದಾರೆ. ಅಂಗಡಿಗೆ ಬೋರ್ಡು ಬೇಕಂತೆ, ‘ಸರ್ಕಾರಿ ಶಿಕ್ಷಕರು’ ಎಂದು.

ಬೆಳಗ್ಗೆ ಮುಡಿ ಪಾಠದ ನಡುವೆ ಹಿರಿಯಮ್ಮ ಎಂದರು, "ಅವಳು ಒಳ್ಳೆಯವಳೇ. ನನ್ನ ಬೆರಳಿನ ಹಾಗೆ ಅವಳು ನಂಗೆ. ಆದ್ರೆ ಬೆರಳು ಕುರ್ಚಿ ಮೇಲೆ ಕೂತ್ರೆ ಕೈ ಏನು ಮಾಡಬೇಕು ಹೇಳು?"

ಸಂಜೆ ಅಂಗಳದ ದಾರಿಯಲ್ಲಿ ಮಾತಿನಮಲ್ಲಿ ಸಿಕ್ಕಳು. ಮಾತೇ ಇಲ್ಲದೆ ನನ್ನ ಕೈ ಅದುಮಿ ಹೋದಳು. ಮಾತಿಲ್ಲದ ಮಾತಿನಮಲ್ಲಿಯನ್ನು ನಾನು ನೋಡಿದ್ದೇ ಇಲ್ಲ. ಈ ಭಾರ ನನ್ನ ಮೇಲೆ ಹಾಕುವ ಮೊದಲು ಅವಳೂ ಒಂದು ಮಾತು ಯೋಚಿಸಬೇಕಿತ್ತು. ಎಷ್ಟೆಂದರೂ ನಾನು ಇಲ್ಲಿಗೆ ಬಂದದ್ದು ಅಧ್ಯಯನಕ್ಕೆ, ಊರ ಉಸಾಬರಿಗಲ್ಲ.

ಹಾವೂ ಸಾಯಬೇಕು, ಕೋಲೂ ಮುರಿಯಬಾರದು. ಅಂಥ ಒಂದು ವಾಕ್ಯ ಹುಡುಕುತ್ತಿದ್ದೇನೆ.

ಸೆಪ್ಟೆಂಬರ್ 11, ಬುಧವಾರ

ಗೋದಾಮಿನಲ್ಲಿ ಕುರ್ಚಿಗಳು ಕಡಿಮೆ. ಮೇಲ್ಮನೆಯವರು ಕೂತಿದ್ದರು, ಕೆಳಮನೆಯವರು ಗೋಡೆಯುದ್ದಕ್ಕೂ ನಿಂತಿದ್ದರು. ಕೇಂದ್ರದ ಅಧಿಕಾರಿ ನನಗೆ ತಮ್ಮ ಪಕ್ಕದಲ್ಲೇ ಕುರ್ಚಿ ಹಾಕಿಸಿದರು.

ಮಾತಿನಮಲ್ಲಿ ಮುಂದೆ ಬಂದು, "ಒಂದು ಹಗ್ಗ ಕೊಡಿ ಸಾರ್, ಇಲ್ಲೇ ಕಟ್ಟಿ ತೋರಿಸ್ತೀನಿ" ಎಂದಳು.

ಅಧಿಕಾರಿ ತಲೆಯಾಡಿಸಿದರು. "ಗಂಟು ಹಾಕೋಕೆ ಬರೋದು ಬೇರೆ ಕಣಮ್ಮ, ಪರಂಪರೆ ಬೇರೆ. ನಮ್ಮ ಆದೇಶದಲ್ಲಿ ಪಾರಂಪರಿಕವಾಗಿ ಮುಡಿ ಕಟ್ಟೋರು ಅಂತಿದೆ. ನೀವುನೀವು ಹೇಳಿದ್ರೆ ಜಗಳ ಆಗುತ್ತೆ. ಮೇಡಂ ಇದ್ದಾರಲ್ಲ, ಇದನ್ನೇ ಓದಿದವರು. ಮೇಡಂ, ಈ ಬೀದೀಲಿ ಪರಂಪರೆಯಿಂದ ಮುಡಿ ಕಟ್ಟೋರು ಯಾರು?"

ಎಲ್ಲರೂ ನನ್ನತ್ತ ತಿರುಗಿದರು. ಹಿರಿಯಮ್ಮ ಮಾತ್ರ ತಮ್ಮ ಬೆರಳು ನೋಡಿಕೊಳ್ಳುತ್ತಿದ್ದರು.

"ಪರಂಪರೆಯಲ್ಲಿ ಮುಡಿ ಕಟ್ಟೋದು ಮೇಲ್ಮನೆಯವರು," ಎಂದೆ.

ಇದು ಸುಳ್ಳಲ್ಲ. ಕೇಳಿದ ಪ್ರಶ್ನೆಗೆ ಇದೇ ಉತ್ತರ. ಇದರ ಹಿಂದೆಯೇ "ಆದರೆ" ಎಂದೆ. ಎಂದದ್ದು ಚೆನ್ನಾಗಿ ನೆನಪಿದೆ. ಅಷ್ಟರಲ್ಲಿ ಮೇಲ್ಮನೆಯವರು ಚಪ್ಪಾಳೆ ತಟ್ಟಿದರು, ಅಧಿಕಾರಿ ಬರೆದುಕೊಂಡು ಎದ್ದುಬಿಟ್ಟರು. ನನ್ನ ‘ಆದರೆ’ ಯಾರಿಗೂ ಕೇಳಿಸಲಿಲ್ಲ. ಎರಡನೇ ಸಲ ಕೂಗಿ ಹೇಳಲು ಅದೇನು ಸಂತೆಯೇ?

ಮಾತಿನಮಲ್ಲಿ ಗೋಡೆಯ ಹತ್ತಿರ ಹಾಗೇ ನಿಂತಿದ್ದಳು. ಹೋಗಿ ವಿವರಿಸೋಣವೆಂದುಕೊಂಡೆ. ಅಧಿಕಾರಿ ಚಹಾಕ್ಕೆ ಕರೆದರು.

ಸೆಪ್ಟೆಂಬರ್ 14, ಶನಿವಾರ

ಅಂಗಳಕ್ಕೆ ಹೋದೆ. ಕೊಡತಿಗಳು ನಿಲ್ಲಲಿಲ್ಲ. ಯಾರೂ ಕೂರು ಎನ್ನಲಿಲ್ಲ. ಮಾತಿನಮಲ್ಲಿಯ ತಾಯಿ ಬಾಗಿಲಿಂದಲೇ, ಉಸಿರು ಹುಡುಕಿ ಹುಡುಕಿ ಹೇಳಿದರು: "ಇಷ್ಟು ದಿನ ಅದು... ಬಾಯಿಮಾತಲ್ಲಿತ್ತು. ಬಾಯಿಮಾತಿಗೆ... ಸಂದು ಇರುತ್ತೆ ಮಗಾ. ಹೇಗೋ ನುಸುಳ್ತಿದ್ವಿ. ನೀನು ಅದನ್ನ... ಭದ್ರ ಮಾಡ್ಬಿಟ್ಟೆ."

ಇದ್ದದ್ದು ಇದ್ದ ಹಾಗೆ ಹೇಳಿದರೆ ಎದ್ದು ಬಂದು ಎದೆಗೆ ಒದ್ದರಂತೆ. ಏನು ಭದ್ರ ಮಾಡಿದೆ ನಾನು? ಈ ಪದ್ಧತಿಯನ್ನು ನಾನು ಹುಟ್ಟಿಸಿದೆನೇ? ದಾರಿಯುದ್ದಕ್ಕೂ ಅಳು ಬಂತು. ಹಿರಿಯಮ್ಮ ಏನೂ ಕೇಳದೆ ಬಿಸಿ ಹಾಲು ಕೊಟ್ಟರು. "ಸಲಿಗೆ ಕೊಟ್ರೆ ಹೀಗೇ, ತಲೆ ಮೇಲೆ ಕೂರ್ತಾರೆ" ಎಂದರು. ಒಂದು ಲೆಕ್ಕಕ್ಕೆ ನಿಜವೆನಿಸಿತು.

ಇನ್ನೊಂದು ಸಂಗತಿ. ಮಾತಿನಮಲ್ಲಿ ಮಧ್ಯಾಹ್ನ ಒಳಕೋಣೆಗೆ ಬರುವುದನ್ನು ನಿಲ್ಲಿಸಿದ್ದಾಳೆ. ಮಿಕ್ಕ ಮನೆಗಳಿಗೆ ಹೋಗುತ್ತಿದ್ದವರೂ ಹಾಗೇ. ಹಗ್ಗಗಳು ತುದಿ ಬಿಚ್ಚಿಕೊಂಡು ರಾಶಿ ಬಿದ್ದಿವೆ.

ಅಕ್ಟೋಬರ್ 1, ಮಂಗಳವಾರ

ನಗಬೇಕೋ ಅಳಬೇಕೋ! ಹಿರಿಯಮ್ಮನ ಮಗ ಬೋರ್ಡು ಬರೆಸಿ ತೂಗುಹಾಕಿದ್ದೇ ಸರಿ, ಕೇಂದ್ರದ ಕಡೆ ತಲೆ ಹಾಕಲಿಲ್ಲ. ಪ್ರಾತ್ಯಕ್ಷಿಕೆಯಲ್ಲಿ ಅವರ ಮುಡಿ ಎಲ್ಲರೆದುರು ಬಿಚ್ಚಿಕೊಂಡಿತಂತೆ. ಅಂಗಡಿ ಬಿಟ್ಟು ಬರಲಾಗುವುದಿಲ್ಲ ಎಂದು ಬರೆದುಕೊಟ್ಟರು. ಮೇಲ್ಮನೆಗಳಲ್ಲಿ ಬೇರೆ ಯಾರೂ ಮುಂದೆ ಬರಲಿಲ್ಲ. ಕಟ್ಟಬಲ್ಲವರಿಗೆ ತಮ್ಮ ಮನೆಯ ರಾಶಿಯೇ ಸಾಕಾಗಿದೆ, ಮಿಕ್ಕವರು ಬರುವುದು ಹೇಗೆ?

ಅಧಿಕಾರಿ ಇವತ್ತು ನನ್ನನ್ನು ಕೇಳಿದರು. "ತಾತ್ಕಾಲಿಕವಾಗಿ ನೀವೇ ಒಪ್ಪಿಕೊಳ್ಳಿ ಮೇಡಂ. ಹಿರಿಯಮ್ಮನ ಹತ್ರ ಕಲ್ತಿದೀರಲ್ಲ, ಅದೂ ಪರಂಪರೆನೇ."

ಯೋಚಿಸಿದೆ. ನವೆಂಬರಿಗೆ ಫೆಲೋಶಿಪ್ ಮುಗಿಯುತ್ತದೆ. ಗೈಡಂತೂ ಕುಣಿದಾಡಿದರು: "ಇಂಥ ಅವಕಾಶ ಯಾವ ಸಂಶೋಧಕನಿಗೆ ಸಿಗುತ್ತೆ? ಒಪ್ಕೊಂಡ್ಬಿಡು." ನಾನು ಬೇಡವೆಂದರೂ ಮಾತಿನಮಲ್ಲಿಗೇನೂ ಸಿಗುವುದಿಲ್ಲ. ಒಪ್ಪಿಕೊಂಡೆ.

ಹಿರಿಯಮ್ಮ ತಲೆ ಸವರಿದರು. "ಈಗ ನೀನೂ ಮೇಲ್ಮನೆಯವಳೇ ಕಣೇ." ಖುಷಿಯಾಯಿತು. ಯಾಕೆ ಸುಳ್ಳು ಹೇಳಲಿ, ತುಂಬ ಖುಷಿಯಾಯಿತು.

ಅಕ್ಟೋಬರ್ 9, ಬುಧವಾರ

ನನ್ನ ಮುಡಿ ನಿಲ್ಲುತ್ತಿಲ್ಲ. ಬಿಗಿದು, ಕೊಡವಿದರೆ ಸಾಕು, ತುದಿ ಕೆದರಿಕೊಳ್ಳುತ್ತದೆ. ಹಿರಿಯಮ್ಮ ಹೇಳುವುದನ್ನೆಲ್ಲ ಬರೆದುಕೊಂಡಿದ್ದೇನೆ, ಚಿತ್ರವೂ ಬಿಡಿಸಿದ್ದೇನೆ. ಬರೆದದ್ದು ಬೆರಳಿಗೆ ಇಳಿಯುವುದಿಲ್ಲ. ತರಗತಿಗೆ ಎಷ್ಟೋ ಜನ ಹೆಸರು ಕೊಟ್ಟಿದ್ದಾರೆ. ಎಲ್ಲರೆದುರು ಬಿಚ್ಚಿಕೊಂಡರೆ?

ಒಂದು ಉಪಾಯ ಹೊಳೆಯಿತು. ಸಂಜೆ ಮಾತಿನಮಲ್ಲಿಯ ಮನೆಗೆ ಹೋದೆ. ಚಾಪೆ ಹಾಸಿದಳು, ನಿಂತೇ ಮಾತಾಡಿದೆ, ಹೊತ್ತಾಗಿತ್ತು.

"ನೋಡು, ಆದದ್ದು ಆಗಿಹೋಯ್ತು. ಕೇಂದ್ರದಲ್ಲಿ ಹಿಂದೊಂದು ಸಣ್ಣ ಕೋಣೆ ಇದೆ. ನೀನು ಅಲ್ಲಿ ಕೂತು ಮಾದರಿಗೆ ಮುಡಿ ಕಟ್ಟಿಕೊಡು, ನಾನು ಮುಂದೆ ಪಾಠ ಮಾಡ್ತೀನಿ. ನನ್ನ ಸಂಬಳದಲ್ಲೇ ನಿಂಗೂ ಕೊಡ್ತೀನಿ. ಧೂಳಿಲ್ಲ, ನಿನ್ನ ಎದೆಗೂ ಒಳ್ಳೇದು."

ಬಹಳ ಹೊತ್ತು ಕೆಮ್ಮಿದಳು. ಆಮೇಲೆ, "ಯೋಚ್ನೆ ಮಾಡ್ತೀನಿ ಮೇಡಂ" ಎಂದಳು.

ಮೇಡಂ! ಬೇಕೆಂದೇ ಚುಚ್ಚಿದ್ದು. ಇಷ್ಟು ಮಾಡಿದರೂ ಒಂದು ಒಳ್ಳೆಯ ಮಾತಿಲ್ಲ. ಉಪಕಾರಕ್ಕೆ ಕಾಲವಲ್ಲ.

ಅಕ್ಟೋಬರ್ 21, ಸೋಮವಾರ

ನಾಳೆ ಮೊದಲ ತರಗತಿ. ಇದನ್ನು ಬರೆದು ಮಲಗಬೇಕು, ನಿದ್ದೆ ಬರುತ್ತದೋ ಇಲ್ಲವೋ.

ಬೆಳಗ್ಗೆ ಕೆಳಗಿನಿಂದ ಗಲಾಟೆ ಕೇಳಿಸಿತು. ಮಾಳಿಗೆಯಿಂದ ನೋಡಿದರೆ ಮಾತಿನಮಲ್ಲಿ ತನ್ನ ಮನೆ ಮುಂದೆ, ನಡುಬೀದಿಯಲ್ಲಿ, ಬಿಸಿಲಲ್ಲಿ ಕೂತು ಮುಡಿ ಕಟ್ಟುತ್ತಿದ್ದಾಳೆ! ಪಕ್ಕದಲ್ಲಿ ಅಂಗಳದ ಇನ್ನೂ ಕೆಲವು ಹೆಂಗಸರು. ಇಷ್ಟು ವರ್ಷ ಬಾಗಿಲ ಹಿಂದೆ ಕೂತವರೆಲ್ಲ ಒಂದೇ ಸಲ ಹೊರಗೆ ಬಂದಿದ್ದರು. ತಾಯಿ ಬಾಗಿಲಿಂದ ಹೆಂಗಸರಿಗೆ ಎಳೆ ಎತ್ತಿ ಕೊಡುತ್ತಿದ್ದರು. ಬೀದಿಗೆ ಬೀದಿಯೇ ನಿಂತು ನೋಡುತ್ತಿತ್ತು. ಹಗ್ಗ ಕೊಳ್ಳಲು ಬಂದ ಗಾಡಿಯವನೊಬ್ಬ ಒಂದು ತುದಿ ಚಕ್ರಕ್ಕೆ ಬಿಗಿದು ಮೈಭಾರ ಹಾಕಿ ಎಳೆಯುತ್ತಿದ್ದ. ಮುಡಿ ಜಗ್ಗಲಿಲ್ಲ.

ಹಿರಿಯಮ್ಮ ಮೆಟ್ಟಿಲ ಕೆಳಗೆ ನಿಂತಿದ್ದರು. ಅವರ ಮುಖ ಅಷ್ಟು ಬಿಳಿಚಿಕೊಂಡದ್ದನ್ನು ನಾನು ನೋಡಿರಲಿಲ್ಲ. "ನಮ್ಮ ಮಾತು ಕೇಳಲ್ಲ ಅವಳು. ನಿನ್ನ ಮಾತಿಗೆ ತೂಕ ಇದೆ. ಹೋಗಿ ಹೇಳು ಮಗಳೇ."

ಹೋದೆ. ಯಾರೂ ತಳ್ಳಲಿಲ್ಲ, ನಾನೇ ಹೋದೆ. ಸಿಟ್ಟು ಬಂದಿತ್ತು. ನಾಳೆ ನನ್ನ ತರಗತಿ ಇರುವಾಗ ಇವತ್ತೇ ಬೇಕಿತ್ತೇ ಇದು? ಜನ ಸರಿದು ದಾರಿ ಬಿಟ್ಟರು. ಅವಳ ಮುಂದೆ ನಿಂತೆ. ಅವಳು ತಲೆ ಎತ್ತಲಿಲ್ಲ, ಎಳೆ ತಪ್ಪುತ್ತದೆಂದೋ ಏನೋ.

"ಏನಿದು ನೀನು ಮಾಡ್ತಿರೋದು? ಇದು ನಿಮ್ಮ ಪದ್ಧತಿ ಅಲ್ಲ," ಎಂದೆ. ಬೀದಿಗೆಲ್ಲ ಕೇಳಿಸುವ ಹಾಗೆ ಎಂದೆ.

ಅವಳು ಕೊನೆಯ ಎಳೆಯನ್ನು ಒಳಕ್ಕೆ ತಳ್ಳಿ, ಹಲ್ಲಲ್ಲಿ ಕಚ್ಚಿ ಬಿಗಿದಳು. ನಾರಿನ ಚೂರು ಉಗುಳಿ ನನ್ನನ್ನು ನೋಡಿದಳು. ಸಿಟ್ಟೇನೂ ಇರಲಿಲ್ಲ.

"ನಮ್ಮ ಪದ್ಧತಿ ಏನು ಅಂತ ನಾವು ಮಾಡಿ ಮುಗಿಸಿದ್ಮೇಲೆ ಬಂದು ಬರ್ಕೊಳ್ಳಿ ಮೇಡಂ," ಎಂದಳು. "ಈಗ ಸ್ವಲ್ಪ ಕಾಲು ತೆಗೀರಿ. ಹಗ್ಗ ತುಳೀತಿದೀರ."

ಕೆಳಗೆ ನೋಡಿದೆ. ಹೌದು, ಹಗ್ಗದ ಮೇಲೇ ನಿಂತಿದ್ದೆ. ಎಷ್ಟು ಹೊತ್ತಿನಿಂದಲೋ.